ಭಾನುವಾರದ ಸಿನಿಮಾ: ಮಣ್ಣಿಲ್ಲದ ದ್ವೀಪ

ಎಲ್ಲರಿಗೂ ನಮಸ್ಕಾರ. ಈ ಭಾನುವಾರ ಸಂಜೆ 5ಕ್ಕೆ ತುಮಕೂರಿನ ನಮ್ಮ ಮಾಮೂಲಿ ಮಹಡಿಯಲ್ಲಿ ‘ಮ್ಯಾನ್ ಆಫ್ ಆರನ್’ ನೋಡೋಣ. ರಾಬರ್ಟ್ ಫ್ಲಾಹರ್ಟಿ ಮಾಡಿದ 1934ರ ಸಾಕ್ಷ್ಯಚಿತ್ರ, ಒಂದೂಕಾಲು ಗಂಟೆ.

ಐರ್ಲೆಂಡಿನ ಪಶ್ಚಿಮಕ್ಕಿರುವ ಆರನ್ ದ್ವೀಪಗಳ ಬದುಕು. ಅಲ್ಲಿ ಎಲ್ಲಿ ನೋಡಿದರೂ ಬಂಡೆ. ಆಲೂಗಡ್ಡೆ ಹಾಕೋಕೂ ಮಣ್ಣಿಲ್ಲ. ಗಂಡ ಸುತ್ತಿಗೆಯಲ್ಲಿ ಕಲ್ಲು ಒಡೆಯುತ್ತಾನೆ, ಹೆಂಡತಿ ಕಡಲ ಪಾಚಿ ಹೊತ್ತು ತರುತ್ತಾಳೆ, ಬಂಡೆ ಬಿರುಕಿಗೆ ಕೈ ಹಾಕಿ ಹಿಡಿ ಹಿಡಿಯಾಗಿ ಮಣ್ಣು ಬಗೆಯುತ್ತಾರೆ. ಕೆರೆ ಗೋಡನ್ನು ಟ್ರ್ಯಾಕ್ಟರ್‌ಗಟ್ಟಲೆ ಹೊಲಕ್ಕೆ ಹೊಡೆಸಿದವರು ಈ ಭಾಗ ತಪ್ಪಿಸಬೇಡಿ.

ಒಂದು ವಿಷಯ ಮೊದಲೇ ಹೇಳಿಬಿಡುತ್ತೇನೆ. ಆ ಅಪ್ಪ, ಅಮ್ಮ, ಮಗ ನಿಜವಾದ ಕುಟುಂಬವಲ್ಲ, ಚಿತ್ರಕ್ಕೆ ಅಂತ ಆರಿಸಿ ಸೇರಿಸಿದವರು. ದೀಪದ ಎಣ್ಣೆಗಾಗಿ ಶಾರ್ಕ್ ಹಿಡಿಯುವುದೂ ಅಲ್ಲಿ ಎಂದೋ ನಿಂತುಹೋಗಿತ್ತು, ಶೂಟಿಂಗ್‌ಗಾಗಿ ಮತ್ತೆ ಕಲಿಸಿದ್ದು. ಹಾಗಾದರೆ ಇದು ಸಾಕ್ಷ್ಯಚಿತ್ರ ಹೇಗಾಯಿತು? ನನಗೆ ಸ್ವಲ್ಪ ಸಿಟ್ಟಿದೆ. ಆದರೆ ಆ ಅಲೆಗಳನ್ನು ನೋಡಿದರೆ ಸಿಟ್ಟು ಅರ್ಧ ಇಳಿಯುತ್ತದೆ. ಮುಗಿದ ಮೇಲೆ ಜಗಳ ಆಡೋಣ.

ಕಳೆದ ಸಲ ಸ್ಪೀಕರ್ ಕೈ ಕೊಟ್ಟಿತ್ತು ಅಲ್ವಾ, ಇದ್ದವರು ಒಂದು ತನ್ನಿ. ಕ್ಯಾತ್ಸಂದ್ರದಿಂದ ತಟ್ಟೆ ಇಡ್ಲಿ ತರಿಸುತ್ತೇವೆ. ಬರುವವರು ಶನಿವಾರ ರಾತ್ರಿಯೊಳಗೆ ಇಲ್ಲೇ ಹೆಸರು ಹಾಕಿ. ಸುಮ್ನೆ ಹೆಬ್ಬೆರಳು ಒತ್ತಿದರೆ ಇಡ್ಲಿ ಲೆಕ್ಕಕ್ಕೆ ಬರೋದಿಲ್ಲ.