ಶೀತತಾರೆಯ ಕತೆ ನಿಲ್ಲಿಸಬೇಡಿ, ಲೆಕ್ಕ ಕೇಳಿ

ಮಾನ್ಯ ಸಂಪಾದಕರೇ,

ನಿಮ್ಮ ಭಾನುವಾರದ ಪುರವಣಿಯಲ್ಲಿ ಬರುತ್ತಿರುವ ಶೀತತಾರೆಯ ಧಾರಾವಾಹಿಯನ್ನು ಕೂಡಲೇ ನಿಲ್ಲಿಸಬೇಕೆಂದು ಓದುಗರೊಬ್ಬರು ಬರೆದ ಪತ್ರವನ್ನು ಓದಿದೆ. ನಕ್ಷತ್ರವೆಂದರೆ ಉರಿಯುವ ಗೋಳ, ಅದು ತಂಪು ಸುರಿಸುತ್ತದೆಂದು ಮಕ್ಕಳಿಗೆ ಹೇಳುವುದು ಮೂಢನಂಬಿಕೆ ಬಿತ್ತಿದಂತೆ ಎಂಬುದು ಅವರ ವಾದ. ನಾನು ಪ್ರೌಢಶಾಲೆಯಲ್ಲಿ ವಿಜ್ಞಾನ ಕಲಿಸುವವಳು. ಮೂಢನಂಬಿಕೆಯ ಮೇಲೆ ಅವರಿಗಿರುವಷ್ಟೇ ಸಿಟ್ಟು ನನಗೂ ಇದೆ. ಹಾಗಿದ್ದೂ ಅವರ ಮಾತನ್ನು ಒಪ್ಪಲಾರೆ.

ಕತೆ ಓದದವರಿಗಾಗಿ ಎರಡು ಮಾತು. ಆ ಲೋಕದಲ್ಲಿ ಶೀತತಾರೆ ನೆತ್ತಿಗೇರಿದ ರಾತ್ರಿ ಕೆರೆಗಳು ಹೆಪ್ಪುಗಟ್ಟುತ್ತವೆ. ಪೂಜಾರಿಗಳು ಅದನ್ನು ಸತ್ತ ದೇವರೊಬ್ಬನ ಮುಚ್ಚದ ಕಣ್ಣು ಎನ್ನುತ್ತಾರೆ. ಅದನ್ನು ನಂಬದ ಹೆಣ್ಣುಮಗಳೊಬ್ಬಳು ಗುಡ್ಡದ ಮೇಲೆ ದೊಡ್ಡ ಕನ್ನಡಿ ಹೂಡಿ, ತಾರೆಯ ತಂಪನ್ನು ಒಂದೆಡೆ ಸೇರಿಸಿ ಅಳೆಯಲು ಕುಳಿತಿದ್ದಾಳೆ.

ಕನ್ನಡಿಯಿಂದ ತಂಪನ್ನು ಸೇರಿಸುವುದು ಹುಚ್ಚು ಕಲ್ಪನೆ ಎಂದು ಪತ್ರ ಬರೆದವರು ನಕ್ಕಿದ್ದಾರೆ. 1790ರ ಸುಮಾರಿಗೆ ಜಿನೀವಾದ ವಿಜ್ಞಾನಿ ಮಾರ್ಕ್ ಆಗಸ್ಟ್ ಪಿಕ್ಟೆ ಇದನ್ನು ನಿಜವಾಗಿಯೂ ಮಾಡಿ ನೋಡಿದ. ಎರಡು ನಿಮ್ನ ದರ್ಪಣಗಳನ್ನು, ಅಂದರೆ ಒಳಬಾಗಿದ ಕನ್ನಡಿಗಳನ್ನು, ದೂರದೂರ, ಎದುರುಬದುರಾಗಿ ನಿಲ್ಲಿಸಿದ. ಒಂದರ ನಾಭಿಯಲ್ಲಿ, ಅಂದರೆ ಕನ್ನಡಿಗೆ ಬಿದ್ದ ಕಿರಣಗಳು ಒಟ್ಟು ಸೇರುವ ಬಿಂದುವಿನಲ್ಲಿ, ಉಷ್ಣಮಾಪಕ; ಇನ್ನೊಂದರ ನಾಭಿಯಲ್ಲಿ ಹಿಮ ತುಂಬಿದ ಗಾಜಿನ ಬುರುಡೆ. ಹಿಮ ಇಟ್ಟ ಕೂಡಲೇ ಅಷ್ಟು ದೂರದ ಉಷ್ಣಮಾಪಕದ ಮಟ್ಟ ಇಳಿಯತೊಡಗಿತು. ಹಿಮದ ಮೇಲೆ ಆಮ್ಲ ಸುರಿದು ಇನ್ನಷ್ಟು ತಣ್ಣಗಾಗಿಸಿದಾಗ ಅದು ಮತ್ತೂ ಕೆಳಗಿಳಿಯಿತು. ಈ ಪ್ರಯೋಗವನ್ನು ನೋಡಿದ ಯಾರಿಗಾದರೂ ತಂಪಿಗೂ ಕಿರಣಗಳಿವೆ ಎಂದೇ ಅನಿಸುತ್ತದೆ. ರಮ್‌ಫೋರ್ಡ್‌ನಂಥ ದೊಡ್ಡ ವಿಜ್ಞಾನಿ ಹಾಗೆಯೇ ನಂಬಿದ್ದ. ಸರಿಯಾದ ವಿವರಣೆಯನ್ನು 1791ರಲ್ಲಿ ಕೊಟ್ಟವನು ಪಿಯರ್ ಪ್ರೆವೊ: ಎಲ್ಲ ವಸ್ತುಗಳೂ ಸದಾ ಶಾಖವನ್ನು ಹೊರಸೂಸುತ್ತಿರುತ್ತವೆ, ಉಷ್ಣಮಾಪಕ ಹಿಮಕ್ಕೆ ಕೊಟ್ಟದ್ದು ಹೆಚ್ಚು, ಹಿಮದಿಂದ ಅದಕ್ಕೆ ಮರಳಿ ಬಂದದ್ದು ಕಡಿಮೆ, ಅದಕ್ಕೇ ಅದು ತಣ್ಣಗಾಯಿತು. ಗುಡ್ಡದ ಮೇಲಿನ ಆ ಹೆಣ್ಣುಮಗಳು ಈಗ ನಿಂತಿರುವುದು ಪಿಕ್ಟೆಯ ಪ್ರಯೋಗಕ್ಕೂ ಪ್ರೆವೊನ ವಿವರಣೆಗೂ ನಡುವಿನ ಜಾಗದಲ್ಲಿ. ಮಕ್ಕಳು ಅಲ್ಲಿ ಅವಳ ಜೊತೆ ನಿಲ್ಲಲಿ ಎಂಬುದು ನನ್ನ ಆಸೆ.

ಇನ್ನು ಪುರಾಣದ ಮಾತು. ಆಕಾಶದಿಂದ ತಂಪು ಇಳಿಯುತ್ತದೆ ಎಂದು ನಂಬಿದವರು ದಡ್ಡರೇನೂ ಅಲ್ಲ. ರೋಮಿನ ಕವಿ ವರ್ಜಿಲ್ ಶನಿಯನ್ನು ತಣ್ಣನೆಯ ತಾರೆ ಎಂದೇ ಕರೆದ. ಚಂದ್ರ ನೀರಿನಿಂದಾದವನು, ಸೂರ್ಯ ಬೆಂಕಿಯಿಂದಾದವನು ಎಂದು 499ರಲ್ಲಿ ಆರ್ಯಭಟ ಬರೆದ. ಗ್ರಹಣಕ್ಕೆ ನೆರಳೇ ಕಾರಣವೆಂದು ನಿಖರವಾಗಿ ಲೆಕ್ಕ ಹಾಕಿ ತೋರಿಸಿದವನೂ ಅವನೇ. ನಿರಭ್ರ ರಾತ್ರಿಯಲ್ಲಿ ನೆಲ ಹೆಚ್ಚು ತಣ್ಣಗಾಗುವುದು ಎಲ್ಲರ ಮೈಗೂ ಗೊತ್ತಿರುವ ಸಂಗತಿ. ಅಲಹಾಬಾದಿನಲ್ಲಿ ಮಂಜುಗಡ್ಡೆ ಮಾಡುತ್ತಿದ್ದ ಕ್ರಮವನ್ನು 1775ರಲ್ಲಿ ಬ್ರಿಟಿಷ್ ಸೇನಾಧಿಕಾರಿ ರಾಬರ್ಟ್ ಬಾರ್ಕರ್ ವರ್ಣಿಸಿದ್ದಾನೆ. ತಗ್ಗು ಗುಂಡಿಯಲ್ಲಿ ಒಣಗಿದ ಕಬ್ಬಿನ ದಂಟು ಹಾಸಿ, ಮೇಲೆ ಸಣ್ಣ ಮಣ್ಣಿನ ತಟ್ಟೆಗಳಲ್ಲಿ ಕಾಯಿಸಿ ಆರಿಸಿದ ನೀರಿಟ್ಟು, ಸೂರ್ಯೋದಯಕ್ಕೆ ಮೊದಲೇ ಮಂಜುಗಡ್ಡೆ ತೆಗೆಯುತ್ತಿದ್ದರು. ಬಯಲಿಗೆ ತೆರೆದಿಟ್ಟ ನೀರು ನಕ್ಷತ್ರಗಳ ಕೆಳಗೆ ಗಟ್ಟಿಯಾಗುವುದನ್ನು ಕಂಡವರು ನಕ್ಷತ್ರದ ಮೇಲೆ ಕತೆ ಕಟ್ಟಿದರೆ ಆ ಕತೆಯ ಬೇರು ಅನುಭವದಲ್ಲಿದೆ. ಇದನ್ನು ಮೂಢನಂಬಿಕೆ ಎಂದು ತಳ್ಳಿಹಾಕಲು ನನ್ನ ಮನಸ್ಸು ಒಪ್ಪುವುದಿಲ್ಲ.

ನಿಜವಾದ ಆಕಾಶದಲ್ಲೂ ತಣ್ಣನೆಯ ಕಾಯಗಳಿವೆ. ಖಗೋಳವಿಜ್ಞಾನಿ ಕೆವಿನ್ ಲೂಮನ್ 2014ರಲ್ಲಿ ಪ್ರಕಟಿಸಿದ ಕಂದು ಕುಬ್ಜವೊಂದು (ನಕ್ಷತ್ರವಾಗಲು ಸಾಲದ ಕಾಯ) ನಮ್ಮಿಂದ ಸುಮಾರು 7.4 ಜ್ಯೋತಿರ್ವರ್ಷ ದೂರದಲ್ಲಿದೆ. ಮೊದಲ ಅಂದಾಜಿನಂತೆ ಅದರ ಉಷ್ಣತೆ ಸೊನ್ನೆ ಡಿಗ್ರಿ ಸೆಲ್ಸಿಯಸ್‌ಗಿಂತ 13ರಿಂದ 48 ಡಿಗ್ರಿ ಕೆಳಗೆ. ನಂತರದ ಅಳತೆಗಳು ಅದನ್ನು ಸ್ವಲ್ಪ ಮೇಲಕ್ಕೆ ತಂದಿವೆ, ಅಷ್ಟೇ. ಹೈಡ್ರೋಜನ್ ಉರಿಸುವಷ್ಟು ದ್ರವ್ಯರಾಶಿ ಇಲ್ಲದ್ದರಿಂದ ಅದನ್ನು ಪೂರ್ಣ ನಕ್ಷತ್ರವೆನ್ನಲಾಗದು. ಅದು ಕಣ್ಣಿಗೆ ಬೀಳುವುದಿಲ್ಲ. ಅವಗೆಂಪು (ಇನ್ಫ್ರಾರೆಡ್) ಕಿರಣಗಳಲ್ಲಿ ಮಾತ್ರ ಮಂದವಾಗಿ ಹೊಳೆಯುತ್ತದೆ.

ನನ್ನ ತಕರಾರು ಇಲ್ಲಿಂದ ಶುರುವಾಗುತ್ತದೆ, ಅದು ಲೇಖಕರ ಮೇಲೆ. ಕತೆಯಲ್ಲಿ ಆ ತಾರೆ ನೀಲಿಯಾಗಿ ಬೆಳಗುತ್ತದೆ. ನಮ್ಮ ಭೌತವಿಜ್ಞಾನದ ಪ್ರಕಾರ ನೀಲಿ ನಕ್ಷತ್ರಗಳೇ ಅತಿ ಬಿಸಿ. ಹಿಮದಷ್ಟು ತಣ್ಣಗಿರುವ ಗೋಳ ಆಕಾಶದಲ್ಲೊಂದು ಕರಿಯ ಬಿಲ್ಲೆಯಂತೆ ಇರುತ್ತದೆ. ಅದರ ಹಿಂಬದಿಯ ನಕ್ಷತ್ರಗಳು ಒಂದೊಂದಾಗಿ ಮರೆಯಾಗುವುದರಿಂದಲೇ ಜನರಿಗೆ ಅದರ ಗುರುತು ಹತ್ತುತ್ತದೆ. ಪೂಜಾರಿಗಳ ಪುರಾಣ ಇಲ್ಲಿ ಹುಟ್ಟಿದ್ದರೆ ಎಷ್ಟು ಬಲವಾಗಿರುತ್ತಿತ್ತು! ರಾಹುವಿನ ಕತೆ ಹುಟ್ಟಿದ್ದೂ ಮರೆಯಾದ ಬೆಳಕಿನಿಂದಲೇ.

ಇನ್ನೊಂದು ತೊಡಕು ಇದಕ್ಕಿಂತ ದೊಡ್ಡದು. ನಕ್ಷತ್ರಗಳ ನಡುವಿನ ಬರಿದಾದ ಆಕಾಶದ ಉಷ್ಣತೆ ಸುಮಾರು ಸೊನ್ನೆಗಿಂತ 270 ಡಿಗ್ರಿ ಕೆಳಗೆ. ಅದರ ಮುಂದೆ ಹಿಮದಂಥ ತಾರೆ ಬಂದು ನಿಂತರೆ ಕೆಳಗಿನ ಕೆರೆಗೆ ಬರುವ ಶಾಖ ಕೂದಲೆಳೆಯಷ್ಟು ಹೆಚ್ಚೇ ಆಗುತ್ತದೆ. ಹಾಗಾದರೆ ಕೆರೆ ಹೆಪ್ಪುಗಟ್ಟಿದ್ದು ಹೇಗೆ? ತಾರೆ ತಾನಾಗಿ ಶಾಖವನ್ನು ಸೆಳೆಯುತ್ತಿರಬೇಕು. ಅದು ಆ ಲೋಕದ ನಿಯಮವೆಂದರೆ ನನ್ನ ಅಡ್ಡಿಯಿಲ್ಲ. ಕಲ್ಪನಾಲೋಕಕ್ಕೆ ತನ್ನದೇ ವಿಜ್ಞಾನ ಇರಲಿ. ಆದರೆ ಅಳೆಯುವವಳನ್ನು ಕತೆಯೊಳಗೆ ಕರೆತಂದ ಮೇಲೆ ಅಳತೆಗೆ ಉತ್ತರ ಕೊಡಲೇಬೇಕು. ಸೆಳೆದ ಶಾಖ ಎಲ್ಲಿ ಹೋಗುತ್ತಿದೆ? ತಾರೆಯೊಳಗೇ ಸೇರುತ್ತಿದ್ದರೆ ಅದು ವರ್ಷದಿಂದ ವರ್ಷಕ್ಕೆ ಬಿಸಿಯಾಗುತ್ತಾ ಹೋಗಬೇಕು, ಕಡೆಗೊಂದು ದಿನ ಉರಿಯಬೇಕು. ಸತ್ತ ದೇವರು ಏಳುವ ದಿನವನ್ನು ಪೂಜಾರಿಗಳು ತಮ್ಮ ಪುರಾಣದಿಂದ ಹೇಳಲಿ, ಅವಳು ತನ್ನ ಲೆಕ್ಕದ ಪುಸ್ತಕದಿಂದ ಹೇಳಲಿ. ಎರಡೂ ಒಂದೇ ದಿನಕ್ಕೆ ಬಂದು ಸೇರಿದರೆ ಆ ಕಂತನ್ನು ನಾನು ತರಗತಿಯಲ್ಲಿ ಗಟ್ಟಿಯಾಗಿ ಓದಿಸುತ್ತೇನೆ.

ಈ ನೀಲಿ ಬಣ್ಣದ ಪ್ರಶ್ನೆಯನ್ನು ಮೊದಲು ಎತ್ತಿದ್ದು ನಮ್ಮ ಒಂಬತ್ತನೆಯ ತರಗತಿಯ ಹುಡುಗಿ. ಪಾಠದ ಪುಸ್ತಕದಲ್ಲಿ ವಿಕಿರಣದ ಅಧ್ಯಾಯ ಓದುವಾಗ ಅವಳು ಬಾಯಿ ಬಿಟ್ಟಿರಲಿಲ್ಲ. ಧಾರಾವಾಹಿಯನ್ನು ಓದಿಬಂದು ಕೇಳಿದಳು.

ಆದ್ದರಿಂದ ದಯವಿಟ್ಟು ಧಾರಾವಾಹಿಯನ್ನು ಮುಂದುವರಿಸಿ. ಪುಟದ ಕೆಳಗೆ ಮಕ್ಕಳ ಪ್ರಶ್ನೆಗಳಿಗೆ ಒಂದು ಸಣ್ಣ ಅಂಕಣ ಬಿಟ್ಟು, ಲೇಖಕರಿಂದಲೇ ಉತ್ತರ ಬರೆಸಿ. ಮೊದಲ ಪ್ರಶ್ನೆಯಾಗಿ ಆ ಹುಡುಗಿಯದನ್ನು ಈ ಪತ್ರದ ಜೊತೆಗೇ ಕಳುಹಿಸಿದ್ದೇನೆ.

ಇಂತಿ,
ಪ್ರೌಢಶಾಲೆಯ ವಿಜ್ಞಾನ ಶಿಕ್ಷಕಿ