ಬಿ. ಜಯಶ್ರೀ ಅವರ ರಂಗವಿದ್ಯೆ ದಾಖಲಾಗಲಿ

ಮಾನ್ಯ ಸಂಪಾದಕರೇ,

ರಂಗನಟಿ, ನಿರ್ದೇಶಕಿ, ಗಾಯಕಿ ಬಿ. ಜಯಶ್ರೀ ಅವರ ಹೆಸರು ಎತ್ತಿದೊಡನೆ ಇಂದಿನ ಅನೇಕ ಯುವಕರಿಗೆ ನೆನಪಾಗುವುದು 2001ರ ‘ನನ್ನ ಪ್ರೀತಿಯ ಹುಡುಗಿ’ ಚಿತ್ರಕ್ಕೆ ಅವರು ಹಾಡಿದ ‘ಕಾರ್ ಕಾರ್’ ಹಾಡು. ಆ ಹಾಡಿನ ಮೇಲೆ ನನಗೆ ಯಾವ ತಕರಾರೂ ಇಲ್ಲ. ಮೈಕಿನ ಹಂಗಿಲ್ಲದೆ ಕೊನೆಯ ಸಾಲಿನ ಪ್ರೇಕ್ಷಕರನ್ನೂ ಮುಟ್ಟುತ್ತಿದ್ದ, ಊರೂರು ಸುತ್ತುವ ವೃತ್ತಿತಂಡಗಳ ಕಂಪನಿ ನಾಟಕದ ಕಂಠವೇ ಅಲ್ಲಿಯೂ ಕೇಳಿಸುತ್ತದೆ. ಆದರೆ ಬಾಲ್ಯದಲ್ಲೇ ಬಣ್ಣ ಹಚ್ಚಿದ ಕಲಾವಿದೆಯನ್ನು ಒಂದೇ ಹಾಡಿನಿಂದ ಗುರುತಿಸುವುದು ನಮ್ಮ ರಂಗಭೂಮಿಗೆ ನಾವೇ ಮಾಡಿಕೊಳ್ಳುವ ಅನ್ಯಾಯ.

1950ರಲ್ಲಿ ಜನಿಸಿದ ಅವರು ಗುಬ್ಬಿ ವೀರಣ್ಣನವರ ಮೊಮ್ಮಗಳು. ತಾಯಿ ಜಿ.ವಿ. ಮಾಲತಮ್ಮನವರೂ ನಟಿ. 1884ರಲ್ಲಿ ನಮ್ಮ ತುಮಕೂರು ಜಿಲ್ಲೆಯ ಗುಬ್ಬಿಯಲ್ಲಿ ಹುಟ್ಟಿದ, ಮುಂದೆ ತಾತ ನಡೆಸಿದ ನಾಟಕ ಕಂಪನಿಯ ಪರಂಪರೆ ಅವರಿಗೆ ಮನೆಯಲ್ಲೇ ದಕ್ಕಿತ್ತು. ಅಷ್ಟಕ್ಕೇ ತೃಪ್ತರಾಗದೆ ಅವರು ದೆಹಲಿಯ ರಾಷ್ಟ್ರೀಯ ನಾಟಕ ಶಾಲೆಗೆ ಹೋದರು. ಇಬ್ರಾಹಿಂ ಅಲ್ಕಾಜಿ ಆಗ ಅಲ್ಲಿನ ನಿರ್ದೇಶಕರು. ಅವರ ಶಿಸ್ತು ಹೆಸರುವಾಸಿಯಾಗಿತ್ತು. 1973ರಲ್ಲಿ ಜಯಶ್ರೀ ಅಲ್ಲಿಂದ ಪದವಿ ಪಡೆದರು. ಕಂಪನಿ ನಾಟಕವೆಂದರೆ ಹಳೆಯ ಸರಕು ಎಂದು ಆಧುನಿಕ ರಂಗಭೂಮಿಯ ಹಲವರು ಮೂಗು ಮುರಿಯುತ್ತಿದ್ದ ಕಾಲವದು. ಜಯಶ್ರೀ ಮಾತ್ರ ಎರಡರಲ್ಲಿ ಯಾವುದನ್ನೂ ಬಿಟ್ಟುಕೊಡಲಿಲ್ಲ. ಅದೇ ಗುಬ್ಬಿ ಕಂಪನಿಯಿಂದ ಹೊರಟು ಅದೇ ಶಾಲೆಯಲ್ಲಿ ಕಲಿತ ರಂಗನಿರ್ದೇಶಕ ಬಿ.ವಿ. ಕಾರಂತರ ಜೊತೆಗೆ ಈ ವಿಷಯದಲ್ಲಿ ಅವರನ್ನು ನೆನೆಯಲೇಬೇಕು.

1976ರಲ್ಲಿ ‘ಸ್ಪಂದನ’ ತಂಡ ಕಟ್ಟಿದ ಮೇಲೆ ಈ ಎರಡು ಕಲಿಕೆಗಳೂ ಒಂದೇ ವೇದಿಕೆಗೆ ಬಂದವು. ‘ಕರಿಮಾಯಿ’, ‘ಲಕ್ಷಾಪತಿ ರಾಜನ ಕಥೆ’ಯಂಥ ಪ್ರಯೋಗಗಳಲ್ಲಿ ಹಾಡು ನಾಟಕದ ನಡುವೆ ತುರುಕಿದ ಅಲಂಕಾರವಾಗಿರಲಿಲ್ಲ, ಕಥೆಯನ್ನು ಮುಂದಕ್ಕೆ ಎಳೆಯುವ ಕೆಲಸವನ್ನು ಅದೇ ಮಾಡುತ್ತಿತ್ತು. ‘ಸದಾರಮೆ’ಯಲ್ಲಿ ತಾತ ಮೆರೆಸಿದ ಕಳ್ಳನ ಪಾತ್ರವನ್ನು ಮೊಮ್ಮಗಳು ವಹಿಸಿಕೊಂಡದ್ದು ಬರೀ ಕುಟುಂಬದ ಅಭಿಮಾನದ ಮಾತಲ್ಲ. ಗಂಡಸಿನ ಹಾಸ್ಯಪಾತ್ರವನ್ನು ಹೆಣ್ಣೊಬ್ಬಳು ಅಷ್ಟು ಧೈರ್ಯದಿಂದ ನಿಭಾಯಿಸಲು ದೇಹ, ದನಿ, ಕಾಲಜ್ಞಾನ ಮೂರೂ ಪಳಗಿರಬೇಕು.

ಸಿನಿಮಾದಲ್ಲಿ ಅವರ ಪಾತ್ರಗಳು ಬಹುಪಾಲು ಚಿಕ್ಕವು. ಆದರೂ ನಾಗಾಭರಣರ ‘ನಾಗಮಂಡಲ’ದ ಕುರುಡವ್ವನನ್ನು ಕಂಡವರು ಮರೆಯುವಂತಿಲ್ಲ. ಪರದೆಯ ಹಿಂದೆ ನಿಂತು ಬೇರೆ ನಾಯಕಿಯರಿಗೆ ಕೊಟ್ಟ ಕಂಠದಾನವೂ ನಟನೆಯೇ ಎಂಬುದನ್ನು ನಾವು ಇನ್ನೂ ಸರಿಯಾಗಿ ಒಪ್ಪಿಕೊಂಡಿಲ್ಲ.

1996ರಲ್ಲಿ ಕೇಂದ್ರ ಸಂಗೀತ ನಾಟಕ ಅಕಾಡೆಮಿ ಪ್ರಶಸ್ತಿ, 2010ರಲ್ಲಿ ರಾಜ್ಯಸಭೆಯ ನಾಮನಿರ್ದೇಶನ, 2013ರಲ್ಲಿ ಪದ್ಮಶ್ರೀ ಸಂದಿವೆ. ಸಂತೋಷ. ಆದರೆ ಶಾಲು, ಹಾರ, ಫಲಕಗಳಿಂದ ಮುಂದಿನ ನಟಿಗೆ ಕಲಿಯಲು ಏನೂ ಸಿಗುವುದಿಲ್ಲ. ಮಾತಿನಿಂದ ಹಾಡಿಗೆ ಜಾರುವಾಗ ಉಸಿರನ್ನು ಎಲ್ಲಿ ಹಿಡಿಯಬೇಕು, ಹಾರ್ಮೋನಿಯಂನವರಿಗೆ ಸನ್ನೆ ಹೇಗೆ ಕೊಡಬೇಕು, ಒಂದೇ ಕಂದಪದ್ಯವನ್ನು ಕೋಪಕ್ಕೊಂದು ರೀತಿ, ಅಳಲಿಗೊಂದು ರೀತಿ ಹೇಗೆ ಎತ್ತಬೇಕು ಎಂಬುದೆಲ್ಲ ಎದುರಿಗೆ ಕೂತು ಕಲಿಯಬೇಕಾದ ವಿದ್ಯೆ. ಬಿಡಿ ಹಾಡುಗಳು, ಸಂದರ್ಶನಗಳು ಅಂತರ್ಜಾಲದಲ್ಲಿವೆ. ಈ ಕೆಲಸಕ್ಕೆ ಅವು ಸಾಲವು.

ಕರ್ನಾಟಕ ನಾಟಕ ಅಕಾಡೆಮಿ ಹಾಗೂ ಕನ್ನಡ ಮತ್ತು ಸಂಸ್ಕೃತಿ ಇಲಾಖೆ ಸೇರಿ ಜಯಶ್ರೀ ಅವರು ಬಲ್ಲ ರಂಗಗೀತೆಗಳನ್ನು ಸ್ವರಲಿಪಿ ಸಹಿತ ಅವರ ಬಾಯಿಂದಲೇ ಧ್ವನಿಮುದ್ರಿಸಲಿ. ಯುವ ನಟರಿಗೆ ಅವರು ಪಾಠ ಹೇಳುವುದನ್ನು ಪೂರ್ಣವಾಗಿ ಚಿತ್ರೀಕರಿಸಿ ಎಲ್ಲ ರಂಗಶಾಲೆಗಳಿಗೂ ಉಚಿತವಾಗಿ ಕೊಡಲಿ. ಕಂಪನಿ ನಾಟಕಗಳಲ್ಲಿ ದುಡಿದ ಇತರ ಹಿರಿಯ ನಟಿಯರಿಗೂ ಈ ಯೋಜನೆ ವಿಸ್ತರಿಸಬೇಕು. ಅವರಲ್ಲಿ ಹಲವರಿಗೆ ವಯಸ್ಸಾಗಿದೆ, ಆದ್ದರಿಂದ ಮುಂದಿನ ಬಜೆಟ್ಟಿಗೆಂದು ಕಾಯದೆ ಈ ವರ್ಷವೇ ಕೆಲಸ ಶುರುವಾಗಲಿ. ತಮ್ಮ ಪತ್ರಿಕೆಯೂ ಈ ಬೇಡಿಕೆಗೆ ದನಿಗೂಡಿಸಬೇಕೆಂದು ಕೋರುತ್ತೇನೆ.

– ರಂಗಾಸಕ್ತ ಓದುಗ, ತುಮಕೂರು