ಅಕ್ಕನ ಪಹಣಿಯ ವಿಚಾರ

ಹಾಸನ

ಚಿರಂಜೀವಿ ಅಳಿಯನಿಗೆ ನಿನ್ನ ಸೋದರಮಾವ ಮಾಡುವ ಆಶೀರ್ವಾದಗಳು.

ನಿನ್ನ ಪತ್ರ ಬಂದು ನಾಲ್ಕು ದಿನವಾಯಿತು. ಟ್ರ್ಯಾಕ್ಟರ್ ಹೇಗೆ ಸಿಕ್ಕಿಬಿತ್ತು, ಪರವಾನಗಿಯಿಲ್ಲದೆ ತುಂಬಿದ ಯಗಚಿ ಹೊಳೆಯ ಮರಳು ಯಾರ ಮನೆಗೆ ಹೊರಟಿತ್ತು ಎಂಬುದೆಲ್ಲ ಮನೆಯವರಿಗೆ ತಿಳಿದದ್ದೇ, ಅದನ್ನು ಕೆದಕುವುದಿಲ್ಲ. ನ್ಯಾಯಾಲಯ ಗಾಡಿ ಬಿಟ್ಟುಕೊಟ್ಟ ಸುದ್ದಿಯ ಕೆಳಗೆ ನೀನು ಬರೆದ ಒಂದು ಸಾಲು ಮಾತ್ರ ನನಗೆ ನಿದ್ದೆ ಬರಗೊಡುತ್ತಿಲ್ಲ. ಗಾಡಿಗೆ ಶೂರಿಟಿ, ಅಂದರೆ ಜಾಮೀನು, ನಿಲ್ಲಲು ಅಕ್ಕ ಕೊಟ್ಟ ಪಹಣಿ ಅಲ್ಲೇ ಉಳಿಯಿತು, ಹೊಲ ಹೋಗುತ್ತದೇನೋ ಎಂದು ಅಮ್ಮ ಸರಿಯಾಗಿ ಊಟವನ್ನೇ ಮಾಡುತ್ತಿಲ್ಲ ಎಂದಿದ್ದೀಯೆ.

ಪಹಣಿ ಕೊಟ್ಟರೆ ಹೊಲ ಅಡವಿಟ್ಟಂತಲ್ಲ. ಕೇಳಿದಾಗ ಗಾಡಿ ತಂದು ನಿಲ್ಲಿಸದಿದ್ದರೆ ಬಾಂಡಿನಲ್ಲಿ ಒಪ್ಪಿಕೊಂಡ ಹಣ ಕಟ್ಟುವ ಶಕ್ತಿ ಶೂರಿಟಿ ನಿಂತವರಿಗಿದೆ ಎಂದು ತೋರಿಸಲು ಅದನ್ನು ಕೇಳುತ್ತಾರೆ. ವಾಹನಗಳನ್ನು ಠಾಣೆಯಲ್ಲಿ ಬಹುಕಾಲ ನಿಲ್ಲಿಸಿಡುವುದರಿಂದ ಪ್ರಯೋಜನವಿಲ್ಲ, ತಕ್ಕ ಬಾಂಡು, ಭದ್ರತೆ ಪಡೆದು ಬಿಟ್ಟುಕೊಡಬೇಕು ಎಂದು ಸುಪ್ರೀಂ ಕೋರ್ಟು 2002ರಲ್ಲಿ ಸುಂದರ್‌ಭಾಯಿ ಅಂಬಾಲಾಲ್ ದೇಸಾಯಿ ಪ್ರಕರಣದಲ್ಲಿ ಹೇಳಿತು. ನಿನ್ನ ಗಾಡಿಯ ಪಾಲಿಗೆ ಆ ಭದ್ರತೆ ಎಂದರೆ ಅಕ್ಕನ ಸಹಿ.

ಹೊಲದ ಮಾತು ಇಷ್ಟು ಕಾಡುವುದಕ್ಕೆ ಕಾರಣವಿದೆ. 2004ರಲ್ಲಿ ನಾನು ಹೇಮಾವತಿ ದಂಡೆಯ ಒಂದು ಊರಿನಲ್ಲಿ ಗ್ರಾಮ ಲೆಕ್ಕಿಗನಾಗಿದ್ದೆ. ಅಳಿಯನ ಟ್ರ್ಯಾಕ್ಟರಿಗೆ ಶೂರಿಟಿ ನಿಂತಿದ್ದ ಒಬ್ಬ ವಿಧವೆಯ ಹೆಸರಿಗೆ ವಸೂಲಿಯ ಕಾಗದ ಬಂತು; ಆತ ಗಾಡಿಯನ್ನು ಮಾರಿಕೊಂಡು ಊರು ಬಿಟ್ಟಿದ್ದ. ನಾನು ಕಾಗದ ಕೊಟ್ಟಾಗ ಆಕೆ ಅದನ್ನು ಓದಿಸಲಿಲ್ಲ, ಸೆರಗಿಗೆ ಕೈ ಒರೆಸಿಕೊಂಡು, "ಯಾವ ಕಡೆಯ ಬದು ಹೋಗುತ್ತೆ ಸ್ವಾಮಿ?" ಎಂದು ಕೇಳಿದಳು. ಬಾಂಡಿನ ಮೊತ್ತ ಆ ಹೊಲದ ಬೆಲೆಯ ಅರ್ಧಕ್ಕೂ ಕಡಿಮೆಯಿದೆ ಎಂಬುದು ನನಗೆ ಗೊತ್ತಿತ್ತು. ನ್ಯಾಯಾಧೀಶರ ಮುಂದೆ ಹೋಗಿ ಕಷ್ಟ ಹೇಳಿಕೊಂಡರೆ ಅದರಲ್ಲೂ ಒಂದು ಭಾಗ ಮನ್ನಾ ಆಗಬಹುದು ಎಂಬುದೂ ಗೊತ್ತಿತ್ತು. ಇನ್ನೂ ಮೂರು ಮನೆಗೆ ಹೋಗಬೇಕಿತ್ತು. ಸಹಿ ಹಾಕಿಸಿಕೊಂಡು ಹೊರಟುಬಿಟ್ಟೆ. ಆಕೆ ಮೂರೇ ತಿಂಗಳಲ್ಲಿ ಸಿಕ್ಕಿದ ಬೆಲೆಗೆ ಪೂರ್ತಿ ಹೊಲ ಮಾರಿದಳು. ಖಾತೆ ಬದಲಾವಣೆಯ ಕಾಗದಪತ್ರವೂ ನನ್ನ ಕೈಯಿಂದಲೇ ಹೋಯಿತು. ಎರಡು ಮಾತು ಆಡಿದ್ದರೆ ಆ ಹೊಲ ಉಳಿಯುತ್ತಿತ್ತು ಎಂಬ ಸಂಕಟ ಇಪ್ಪತ್ತು ವರ್ಷ ಕಳೆದರೂ ಹೋಗಿಲ್ಲ.

ಆದ್ದರಿಂದ ಅಕ್ಕನಿಗೆ ಬರಿಯ ಸಮಾಧಾನ ಹೇಳಬೇಡ, ಇದ್ದದ್ದನ್ನು ಹೇಳು. ನಿನಗೆ ಆಗಿರುವುದು ಪೂರ್ತಿ ಬಿಡುಗಡೆಯಲ್ಲ. ಮೊದಲು ದಂಡ ಪ್ರಕ್ರಿಯಾ ಸಂಹಿತೆಯ 451, 457 ಎನ್ನುತ್ತಿದ್ದ, 2024ರ ಜುಲೈ 1ರಿಂದ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 497, 503 ಆಗಿರುವ ಕಲಮುಗಳ ಕೆಳಗೆ ಗಾಡಿ ಸದ್ಯಕ್ಕೆ ನಿನ್ನ ಸುಪರ್ದಿಗೆ ಬಂದಿದೆ. 1957ರ ಗಣಿ ಮತ್ತು ಖನಿಜ ಕಾಯ್ದೆಯ 21ನೆಯ ಕಲಮಿನಂತೆ ಅದನ್ನು ಮುಟ್ಟುಗೋಲು ಹಾಕಿಕೊಳ್ಳುವ ಅಧಿಕಾರ ನ್ಯಾಯಾಲಯಕ್ಕೆ ಇನ್ನೂ ಇದೆ. ಹಾಗೆ ಆದರೂ ಹೋಗುವುದು ಗಾಡಿ. ನೀನು ಅದನ್ನು ಕೇಳಿದ ದಿನ ತಂದು ನಿಲ್ಲಿಸಿದರೆ ಅಕ್ಕನ ಹೊಲದ ಮಾತೇ ಬರುವುದಿಲ್ಲ. ತಂದು ನಿಲ್ಲಿಸದಿದ್ದರೆ ಬಾಂಡಿನ ಹಣ ಕಟ್ಟಿ, ಇಲ್ಲವೇ ಕಾರಣ ತೋರಿಸಿ ಎಂದು ನೋಟಿಸು ಬರುತ್ತದೆ. ಅದಕ್ಕೂ ಉತ್ತರ ಕೊಡದೆ, ಹಣವನ್ನೂ ಕಟ್ಟದೆ ಕುಳಿತಾಗ ವಸೂಲಿ ಆಸ್ತಿಯ ತನಕ ಬರುತ್ತದೆ.

ನಿನಗೆ ಬುದ್ಧಿ ಹೇಳುವಷ್ಟು ಯೋಗ್ಯತೆ ನನಗಿದೆಯೋ ಇಲ್ಲವೋ, ಆದರೂ ಬರೆಯುತ್ತೇನೆ. ಆದೇಶದ ಷರತ್ತುಗಳನ್ನು ವಕೀಲರ ಬಳಿ ಕುಳಿತು ಸಾಲುಸಾಲಾಗಿ ಓದಿಸಿಕೋ. ಮಾರಬಾರದು, ಬಣ್ಣ ಅಥವಾ ರೂಪ ಬದಲಿಸಬಾರದು ಎಂದು ಸಾಮಾನ್ಯವಾಗಿ ಇರುತ್ತದೆ. ಕಂತಿನ ಒತ್ತಡ ನನಗೂ ಅರ್ಥವಾಗುತ್ತದೆ. ಆದರೂ ಪರವಾನಗಿಯಿಲ್ಲದ ಒಂದು ಲೋಡನ್ನೂ ಆ ಟ್ರೇಲರಿಗೆ ಹಾಕಬೇಡ, ಯಾರು ಎಷ್ಟೇ ಕೊಡುತ್ತೇನೆಂದರೂ ಹಾಕಬೇಡ. ಅಕ್ಕನ ಹೆಸರಿಗೆ ಏನೇ ಕಾಗದ ಬಂದರೂ ಅದೇ ದಿನ ನನಗೆ ಫೋನು ಮಾಡು.

ಮುಂದಿನ ವಾಯಿದೆ ಯಾವತ್ತು ಎಂಬುದನ್ನು ತಿಳಿಸು, ಮೊದಲ ಬಸ್ಸಿಗೆ ಬೇಲೂರಿಗೆ ಬರುತ್ತೇನೆ. ಬಾಂಡಿನ ನಕಲು ತಂದಿರು, ಅಕ್ಕನನ್ನೂ ಕರೆದುಕೊಂಡು ಬಾ. ಅದರಲ್ಲಿ ಬರೆದಿರುವ ಮೊತ್ತವನ್ನು ನಾನೇ ಅವಳಿಗೆ ಓದಿ ಹೇಳಬೇಕು.

ಇಂತಿ ನಿನ್ನ ಮಾವ